ಹುಣಸೆ ಬೀಜದ ಹಾಜರಿ

ಚಾರ್ಜು ಕೊಡುವಾಗ ಹಳೆಯ ಮೇಷ್ಟ್ರು ಪಟ್ಟಿ ಓದುತ್ತಾ ಹೋದರು, ನಾನು ಒಂದೊಂದನ್ನೇ ಮುಟ್ಟಿ ನೋಡಿ ಗುರುತು ಹಾಕುತ್ತಾ ಹೋದೆ. ಕುರ್ಚಿ ಒಂದು, ಕೈ ಮುರಿದದ್ದು. ಕಪ್ಪು ಹಲಗೆ ಒಂದು. ಭೂಪಟ ಒಂದು, ಇಲಿ ಕಡಿದದ್ದು. ಗಂಟೆಯ ಬದಲಿಗೆ ರೈಲು ಕಂಬಿಯ ತುಂಡು. ಬೀಗವಿರುವ ಮರದ ಪೆಟ್ಟಿಗೆ, ಅದರೊಳಗೆ ದಾಖಲಾತಿ ರಿಜಿಸ್ಟರು, ಹಾಜರಿ ರಿಜಿಸ್ಟರು, ತಪಾಸಣೆ ಪುಸ್ತಕ. ಎಲ್ಲಕ್ಕೂ ನಾನು ಸಹಿ ಹಾಕಿದ ಮೇಲೆ ಅವರು ಪಟ್ಟಿಯಲ್ಲಿಲ್ಲದ ಒಂದು ಸಾಮಾನು ತೋರಿಸಿದರು. ಹೊರಬಾಗಿಲ ಪಕ್ಕದಲ್ಲಿಟ್ಟ, ಬಾಯಿ ಒಡೆದ ಒಂದು ಗಡಿಗೆ. ತಳದಲ್ಲಿ ಏಳೋ ಎಂಟೋ ಹುಣಸೆ ಬೀಜ ಬಿದ್ದಿದ್ದವು.

ಐವತ್ತರ ದಶಕದ ಕೊನೆಯ ಮಾತು. ಭದ್ರಾ ನಾಲೆ ಅಗೆಯುತ್ತಿದ್ದ ಕಾಲ. ಹರಿಹರದಿಂದ ಮಲೆಬೆನ್ನೂರಿಗೆ ಹೋಗುವ ಬಸ್ಸಿನಲ್ಲಿ ಅರ್ಧ ದಾರಿಗೆ ಇಳಿದು ಒಂದು ಮೈಲಿ ನಡೆದರೆ ಆ ಊರು. ಹೆಸರು ಹೇಳುವುದಿಲ್ಲ, ಅಂದಿನವರ ಮೊಮ್ಮಕ್ಕಳು ಇವತ್ತು ಅಲ್ಲಿ ಬಾಳುತ್ತಿದ್ದಾರೆ. ನಾನು ಹರಿಹರದಲ್ಲಿ ತಾಯಿಯ ಜೊತೆ ಇದ್ದೆ. ತಂದೆ ತೀರಿಹೋಗಿದ್ದರು, ನನ್ನ ಸಂಬಳವೇ ಮನೆಗೆ ಆಧಾರ. ದಿನಾ ಬೆಳಿಗ್ಗೆ ಬಸ್ಸಿಗೆ ಹೊರಟು ಸಂಜೆಯ ಬಸ್ಸಿಗೆ ವಾಪಸ್ಸು. ನಾಲ್ಕು ತರಗತಿಗೆ ನಾನೊಬ್ಬಳೇ.

ಶಾಲೆಗೆ ಕಟ್ಟಡ ಇರಲಿಲ್ಲ. ಊರ ಗುಡಿಯ ಪೌಳಿಯಲ್ಲಿ, ಅಂದರೆ ಗರ್ಭಗುಡಿಯ ಮುಂದಿನ ಕಂಬದ ಸಾಲಿನಲ್ಲಿ, ಪಾಠ ನಡೆಯುತ್ತಿತ್ತು. ಆಗ ಎಷ್ಟೋ ಊರುಗಳಲ್ಲಿ ಹಾಗೇ. ಗುಡಿಯೊಳಗೆ ಶಾಲೆ ಅಂದಮೇಲೆ ಕೇರಿಯ ಮಕ್ಕಳು ಒಳಗೆ ಬರುವಂತಿಲ್ಲ. ಸರ್ಕಾರದ ಕಾಗದದಲ್ಲಿ ಅವರೂ ನನ್ನ ವಿದ್ಯಾರ್ಥಿಗಳೇ, ಹನ್ನೊಂದು ಹೆಸರು. ಕೂರುವುದು ಮಾತ್ರ ಹೊರಗೆ, ಗೋಡೆಗೆ ಆನಿಕೊಂಡು, ಬೇವಿನ ಮರದ ನೆರಳಿನಲ್ಲಿ. ಮಳೆ ಬಂದರೆ ಗೌಡರ ಗಾಡಿ ನಿಲ್ಲಿಸುವ ಚಪ್ಪರದಡಿ.

ಮೇಷ್ಟ್ರು ಗಡಿಗೆಯ ವ್ಯವಹಾರ ತಿಳಿಸಿದರು.

"ಹಾಜರಿ ಹೊತ್ತೂ ಪೂಜೆ ಹೊತ್ತೂ ಒಂದೇ ಆಗ್ತತಮ್ಮ. ಆವಾಗ ಕೇರಿ ಹುಡುಗ್ರ ಹೆಸ್ರು ಕೂಗಿದ್ರೆ ಅವು ಹೊರಗಿಂದ ಹಾಜರ್ ಹಾಜರ್ ಅಂತ ಒದರ್ತವೆ. ಪೂಜಾರಿಗೆ ಆಗಿಬರಲ್ಲ. ಅದಕ್ಕೆ ಬಂದೋರು ಗಡಿಗೀಗೆ ಒಂದೊಂದು ಬೀಜ ಹಾಕ್ತವೆ. ಎಣಿಸಿ, ಮೇಲಿಂದ ಅಷ್ಟು ಹೆಸ್ರಿಗೆ ಗೀಟು ಎಳೆದುಬಿಡು. ಮುಗೀತು."

ಹಾವೂ ಸಾಯಬಾರದು, ಕೋಲೂ ಮುರಿಯಬಾರದು ಅಂತಾರಲ್ಲ, ಅಂಥ ಉಪಾಯ. ಅವರು ಕೆಟ್ಟ ಮನುಷ್ಯರೇನಲ್ಲ. ಅವರಿಗಿಂತ ಮುಂಚೆ ಇದ್ದವರು ಆ ಮಕ್ಕಳ ಹೆಸರನ್ನೇ ಬರೆದುಕೊಂಡಿರಲಿಲ್ಲವಂತೆ. ಇನ್ನೊಂದು ಕಿವಿಮಾತನ್ನೂ ಹೇಳಿದರು. ಪೂರಾ ಒಂದು ತಿಂಗಳು ಗೈರುಹಾಜರಾದವರ ಹೆಸರು ಹೊಡೆಯಬೇಕು ಅಂತ ನಿಯಮ ಇದೆ. ಆದ್ದರಿಂದ ಕೆಳಗಿನ ಹೆಸರುಗಳಿಗೂ ತಿಂಗಳಿಗೆ ಮೂರು ನಾಲ್ಕು ದಿನ ಹಂಚಬೇಕು, ಆಗ ಹೆಸರು ಉಳಿಯುತ್ತದೆ. ನಾನು ತಲೆ ಆಡಿಸಿದೆ.

ಹೊಸದರಲ್ಲಿ ಅಗಸ ಎತ್ತಿ ಎತ್ತಿ ಒಗೆದ ಅನ್ನುವಂತೆ ಮೊದಲ ತಿಂಗಳು ನನಗೂ ಬಹಳ ಉಮೇದು. ಹೊಸ್ತಿಲ ಮೇಲೆ ನಿಂತು ಒಳಗೊಮ್ಮೆ ಹೊರಗೊಮ್ಮೆ ತಿರುಗುತ್ತಾ ಪಾಠ ಹೇಳಿದೆ. ಹೊರಗೆ ಹೋಗಿ ಮಕ್ಕಳ ನಡುವೆ ಕೂತರೆ ಮತ್ತೆ ಒಳಗೆ ಬರಲು ಸ್ನಾನ ಆಗಬೇಕು, ಹೊಸ್ತಿಲ ಮೇಲಾದರೆ ತೊಂದರೆಯಿಲ್ಲ. ಹೊರಗಿನ ಮಗು ಸ್ಲೇಟನ್ನು ಮೆಟ್ಟಿಲ ಮೇಲಿಟ್ಟು ಹಿಂದೆ ಸರಿಯಬೇಕು. ನಾನು ತಂಬಿಗೆಯಿಂದ ನೀರು ಚಿಮುಕಿಸಿ ಎತ್ತಿಕೊಳ್ಳಬೇಕು. ನೀರು ಬಿದ್ದರೆ ಬಳಪದ ಅಕ್ಷರ ಅಳಿಸಿಹೋಗುತ್ತದೆ ಅನ್ನುವುದು ಈ ಪದ್ಧತಿ ಮಾಡಿದವರಿಗೆ ಹೊಳೆದಿರಲಿಲ್ಲ. ಹಾಗಾಗಿ ಮೊದಲು ಬಗ್ಗಿ ಓದುತ್ತಿದ್ದೆ, ತಪ್ಪನ್ನು ಬಾಯಲ್ಲಿ ಹೇಳುತ್ತಿದ್ದೆ, ಆಮೇಲೆ ನೀರು. ಓದಿ ಆದಮೇಲೆ ಎತ್ತುವುದೇಕೆ ಅಂತ ಕೊನೆಗೆ ಮುಟ್ಟುವುದನ್ನೇ ಬಿಟ್ಟೆ. ಆಮೇಲೆ ಆ ಹನ್ನೊಂದು ಮಕ್ಕಳ ಒಂದು ಸ್ಲೇಟನ್ನೂ ನಾನು ಕೈಯಲ್ಲಿ ಹಿಡಿಯಲಿಲ್ಲ. ನಮ್ಮದೂ ವಿಭೂತಿ ಹಚ್ಚುವ ಮನೆ, ಇದೆಲ್ಲ ನನಗೆ ಆಗ ಅಷ್ಟೊಂದು ವಿಚಿತ್ರವಾಗಿಯೂ ಕಾಣಲಿಲ್ಲ.

ಬೀಜದ ಹಾಜರಿಯಂತೂ ಬಹಳ ಹಗುರ. ರಿಜಿಸ್ಟರಿನಲ್ಲಿ ಬೆಳಿಗ್ಗೆ ಒಂದು ಓರೆ ಗೀಟು, ಮಧ್ಯಾಹ್ನ ಅದರ ಮೇಲೆ ಇನ್ನೊಂದು, ಎರಡೂ ಸೇರಿ ಕತ್ತರಿ ಗುರುತು. ಬಾರದವರಿಗೆ 'ಗೈ'. ಒಳಗಿನವರನ್ನು ಹೆಸರು ಹಿಡಿದು ಕೂಗುತ್ತಿದ್ದೆ. ಹೊರಗಿನವರ ಹೆಸರುಗಳು ಪುಟದ ಕೆಳಗೆ, ಕೆಂಪು ಗೀಟಿನಾಚೆ. ಏಳು ಬೀಜ ಇದ್ದರೆ ಮೇಲಿನ ಏಳು ಹೆಸರಿಗೆ ಗೀಟು, ಆರಿದ್ದರೆ ಆರಕ್ಕೆ. ತಿಂಗಳ ಕೊನೆಗೆ ಒಟ್ಟು ಕೂಡಿಸಿ ಸರಾಸರಿ ತೆಗೆದು ಹರಿಹರದ ಆಫೀಸಿಗೆ ಕಳಿಸುತ್ತಿದ್ದೆ. ಅವರು ನೋಡುತ್ತಿದ್ದದ್ದು ಸರಾಸರಿಯನ್ನು. ಎಷ್ಟು ಮಕ್ಕಳು ಅಂತ ಕೇಳಿದವರುಂಟು, ಯಾವ ಮಕ್ಕಳು ಅಂತ ಕೇಳಿದವರಿಲ್ಲ.

ಆ ಹನ್ನೊಂದರಲ್ಲಿ ಕೊನೆಯ ಹೆಸರು ಕೆಂಚಮ್ಮ. ಎಲ್ಲರಿಗಿಂತ ಕೊನೆಗೆ ಸೇರಿದವಳು, ಆದ್ದರಿಂದ ಎಲ್ಲರಿಗಿಂತ ಕೆಳಗೆ. ಅವಳ ತಾಯಿ ಗೌಡರ ದನದ ಕೊಟ್ಟಿಗೆ ಬಾಚುವ ಹೆಂಗಸು. ಕೆಂಚಮ್ಮ ನಸುಕಿನಲ್ಲೇ ತಾಯಿಯ ಜೊತೆ ಸಗಣಿ ಎತ್ತಿ, ಕೈಕಾಲು ತೊಳೆದುಕೊಂಡು, ನಾನು ಬಸ್ಸಿಳಿದು ಬರುವಷ್ಟರಲ್ಲಿ ಗೋಡೆಯ ಬುಡದಲ್ಲಿ ಕೂತಿರುತ್ತಿದ್ದಳು. ಗಡಿಗೆಗೆ ದಿನವೂ ಮೊದಲ ಬೀಜ ಅವಳದು. ಪೌಳಿಯ ಕಿಂಡಿಯ ಕೆಳಗೆ ಅವಳ ಜಾಗ. ಅಲ್ಲಿಂದ ಒಳಗಿನ ನಾಲ್ಕೂ ತರಗತಿಯ ಪಾಠ ಕೇಳುತ್ತಿತ್ತು. ಒಂದು ದಿನ ನಾನು ನಾಲ್ಕನೆಯವರಿಗೆ ಹದಿನೇಳು ಎಂಟಲೆ ಎಷ್ಟು ಅಂತ ಕೇಳಿ, ಯಾರೂ ಬಾಯಿ ಬಿಡದಿದ್ದಾಗ, ಕಿಂಡಿಯಿಂದ "ನೂರಾ ಮೂವತ್ತಾರು" ಅಂತ ಬಂತು. ಆಗ ಅವಳು ಮೂರನೆಯ ತರಗತಿ. ಆ ವರ್ಷ ಉಕ್ತಲೇಖನದಲ್ಲಿ ಅವಳ ಸ್ಲೇಟಿನಲ್ಲಿ ನನಗೆ ತಪ್ಪು ಸಿಕ್ಕಿದ್ದು ಎರಡೋ ಮೂರೋ ಸಲ ಅಷ್ಟೇ. ನನಗೆ ಅವಳ ಮೇಲೆ ಜೀವ. ಅದನ್ನು ಹೇಳಿಕೊಳ್ಳಲು ನಾಚಿಕೆಯಿಲ್ಲ, ನಾಚಿಕೆಯಾಗುವುದು ಮುಂದಿನದಕ್ಕೆ.

ಎರಡನೆಯ ವರ್ಷ, ಕೆಂಚಮ್ಮ ನಾಲ್ಕನೆಯ ತರಗತಿಯಲ್ಲಿದ್ದಾಗ, ಚಳಿಗಾಲದಲ್ಲಿ ಆಫೀಸಿನಿಂದ ಒಂದು ಸುತ್ತೋಲೆ ಬಂತು. ದಾವಣಗೆರೆಯಲ್ಲಿ ಹರಿಜನ ಹೆಣ್ಣುಮಕ್ಕಳಿಗೆ ಉಚಿತ ಹಾಸ್ಟೆಲು ತೆರೆದಿದೆ, ಊಟ ಬಟ್ಟೆ ಪುಸ್ತಕ ಎಲ್ಲ ಅಲ್ಲೇ, ಪಕ್ಕದಲ್ಲೇ ಮಿಡ್ಲ್ ಸ್ಕೂಲು. ಬೇಕಾದ್ದು ಎರಡೇ. ನಾಲ್ಕನೆಯ ತರಗತಿ ಪಾಸಾಗಿರಬೇಕು, ಆ ವರ್ಷ ಮುಕ್ಕಾಲು ಪಾಲು ಹಾಜರಿ ಇರಬೇಕು. ಓದಿದ ಕೂಡಲೇ ನನ್ನ ಮನಸ್ಸಿಗೆ ಬಂದದ್ದು ಒಂದೇ ಮುಖ.

ಅವತ್ತು ಸಂಜೆ ಬಸ್ಸು ತಪ್ಪಿದರೂ ಚಿಂತೆಯಿಲ್ಲ ಅಂತ ಕೇರಿಗೆ ಹೋದೆ. ಊರಿಗೆ ಬಂದು ಒಂದೂವರೆ ವರ್ಷವಾಗಿದ್ದರೂ ಅಲ್ಲಿಗೆ ಕಾಲಿಟ್ಟದ್ದು ಅದೇ ಮೊದಲು. ತಾಯಿ ಗೋಡೆ ಹಿಡಿದು ಎದ್ದು ನಿಂತಳು. ಅವಳ ಸೊಂಟ ಬಿದ್ದುಹೋಗಿ ತಿಂಗಳಾಗಿತ್ತು, ಕೊಟ್ಟಿಗೆಯ ಕೆಲಸವನ್ನೆಲ್ಲ ಮಗಳೇ ಶಾಲೆಗೆ ಮುಂಚೆ ಮಾಡಿ ಬರುತ್ತಿದ್ದಳು ಅಂತ ನನಗೆ ಆಗ ತಿಳಿಯಿತು. ನಾನು ಹಾಸ್ಟೆಲಿನ ವಿಷಯ ಹೇಳಿದೆ. ಅವಳು ಎಲ್ಲವನ್ನೂ ಕೇಳಿಸಿಕೊಂಡು, ಮೂರು ಹೊತ್ತೂ ಊಟ ಹಾಕ್ತಾರಾ ಅಂತ ಎರಡು ಸಲ ಕೇಳಿ ಖಾತ್ರಿ ಮಾಡಿಕೊಂಡಳು.

"ಯುಗಾದಿ ಒಳಗೆ ಕಾಗ್ದ ಬಂದ್ರೆ ಕಳಿಸ್ತೀನ್ರಿ ಅಕ್ಕೋರೆ," ಅಂದಳು. "ಯುಗಾದಿಗೆ ಹೊಸ ಆಳು ಗೊತ್ತು ಮಾಡ್ತಾರೆ. ನನ್ನ ಕೈಲಿ ಆಗಲ್ಲ, ಮಗಳು ಬರ್ತಾಳೆ ಅಂತ ಗೌಡ್ರಿಗೆ ಹೇಳೀನಿ. ಸರ್ಕಾರದ ಕಾಗ್ದ ತೋರಿಸಿದ್ರೆ ಅವ್ರು ಬ್ಯಾಡ ಅನ್ನಲ್ಲ. ಬರೇ ಬಾಯಿ ಮಾತು ಹೇಳಿದ್ರೆ ಕೇಳಲ್ಲ."

ಆ ಊರಿನಲ್ಲಿ ವರ್ಷದ ಆಳು ಅಂದರೆ ಯುಗಾದಿಯಿಂದ ಯುಗಾದಿಗೆ. ಒಮ್ಮೆ ಸೇರಿದವರು ನಡುವೆ ಬಿಡುವಂತಿಲ್ಲ. ಸೇರಿದ ಹೆಣ್ಣುಮಗು ಮದುವೆಯಾಗುವವರೆಗೆ ಬಿಟ್ಟದ್ದನ್ನೂ ಯಾರೂ ನೋಡಿರಲಿಲ್ಲ.

ಮರುದಿನ ಮಧ್ಯಾಹ್ನ ಮಕ್ಕಳನ್ನು ಊಟಕ್ಕೆ ಬಿಟ್ಟು ಅರ್ಜಿ ತುಂಬಲು ಕೂತೆ. ಹೆಸರು, ತಾಯಿಯ ಹೆಸರು, ಜಾತಿ, ತರಗತಿ. ಕೊನೆಯ ಕಲಂ, ಹಾಜರಿ. ರಿಜಿಸ್ಟರು ತೆಗೆದು ಜೂನ್‌ನಿಂದ ಅವಳ ಹೆಸರಿನ ಮುಂದಿನ ಸಾಲು ಕೂಡಿಸತೊಡಗಿದೆ. ಜೂನ್‌ನಲ್ಲಿ ಮೂರು ದಿನ. ಜುಲೈನಲ್ಲಿ ನಾಲ್ಕು. ಆಗಸ್ಟಿನಲ್ಲಿ ಮೂರು. ಸಾಲು ತಪ್ಪಿತೇನೋ ಅಂತ ಸ್ಕೇಲು ಇಟ್ಟು ಮತ್ತೆ ನೋಡಿದೆ. ಸಾಲು ಸರಿಯಾಗಿತ್ತು. ಅವಳ ಹೆಸರಿನ ಮುಂದೆ ಉದ್ದಕ್ಕೂ ಗೈ, ಗೈ, ಗೈ, ನಡುವೆ ತಿಂಗಳಿಗೆ ಮೂರು ನಾಲ್ಕು ಕತ್ತರಿ ಗುರುತು. ಅವೂ ಹೆಸರು ಉಳಿಯಲಿ ಅಂತ ನಾನೇ ಹಂಚಿದವು.

ಹನ್ನೊಂದು ಜನರಲ್ಲಿ ದಿನಾ ಬರುತ್ತಿದ್ದವರು ಆರೇಳು. ಗೀಟು ಬೀಳುತ್ತಿದ್ದದ್ದು ಮೇಲಿನ ಆರೇಳು ಹೆಸರಿಗೆ. ಅತ್ಯಂತ ಮೇಲಿನ ಹೆಸರು ಒಬ್ಬ ಹುಡುಗನದು, ಅವನ ಮುಖವನ್ನೇ ನಾನು ನೋಡಿರಲಿಲ್ಲ. ಅವನು ಅಪ್ಪ ಅಮ್ಮನ ಜೊತೆ ನಾಲೆ ಕೆಲಸಕ್ಕೆ ಹೋಗಿ ಎರಡು ವರ್ಷವಾಗಿತ್ತು. ಅವನದು ಒಂದು ದಿನವೂ ತಪ್ಪದ ಹಾಜರಿ, ಗೌಡರ ಮೊಮ್ಮಗನಿಗಿಂತ ಹೆಚ್ಚು. ದಿನವೂ ಮೊದಲ ಬೀಜ ಹಾಕಿದ ಕೆಂಚಮ್ಮ, ರಿಜಿಸ್ಟರಿನ ಪ್ರಕಾರ, ಶಾಲೆಯ ಕಡೆ ತಲೆ ಹಾಕದ ಹುಡುಗಿ. ಆ ಗೀಟುಗಳೆಲ್ಲ ನನ್ನ ಕೈಯವೇ. ಹಳೆಯ ಮೇಷ್ಟ್ರ ಮೇಲೆ ಹಾಕೋಣ ಅಂದರೆ ಅವರು ಹೋಗಿ ಒಂದೂವರೆ ವರ್ಷ. ಮೊದಲ ತಿಂಗಳಲ್ಲೇ ಎಲ್ಲ ಮಕ್ಕಳ ಹೆಸರೂ ನನಗೆ ಬಾಯಿಗೆ ಬಂದಿದ್ದವು. ಆದರೂ ಬೀಜ ಎಣಿಸಿ ಮೇಲಿಂದ ಗೀಟು ಎಳೆದೆ, ಯಾಕೆಂದರೆ ಅದು ಸುಲಭ, ಒಟ್ಟು ಲೆಕ್ಕ ಸರಿ ಬರುತ್ತಿತ್ತು.

ಮರುದಿನ ಬೆಳಿಗ್ಗೆ ನಾನು ರಿಜಿಸ್ಟರನ್ನು ಗುಡಿಯಿಂದ ಹೊರಗೆ ತಂದೆ. ಒಳಗೆ ಹೋಗುವ ಮುಂಚೆ ಎಲ್ಲ ಮಕ್ಕಳೂ ಅಂಗಳದಲ್ಲಿ ನಿಲ್ಲಲಿ, ಎಲ್ಲರ ಹೆಸರೂ ಕೂಗುತ್ತೇನೆ ಅಂದೆ. ಪೂಜಾರಿ ಗಂಟೆ ಬಾರಿಸುವುದು ನಿಲ್ಲಿಸಿ ಬಂದು ನೋಡಿದ. ಮೂರನೆಯ ದಿನ ಗೌಡರು ಕರೆಸಿದರು. ಅವರು ದನಿ ಎತ್ತುವವರಲ್ಲ. ಕೂಡ್ರಿ ಅಂತ ಮಣೆ ಹಾಕಿಸಿ, ಮಜ್ಜಿಗೆ ಕೊಡಿಸಿ, ಮನೆಯ ಹೆಣ್ಣುಮಗಳಿಗೆ ಹೇಳುವ ಹಾಗೆ ಹೇಳಿದರು.

"ಹೆಸ್ರು ಕೂಗು ತಂಗಿ, ಬ್ಯಾಡ ಅನ್ನಲ್ಲ. ಒಂದೇ ಸಾಲಿನಾಗೆ ನಿಲ್ಲಿಸಬ್ಯಾಡ. ಮಕ್ಕಳ್ನ ಮನೀಗೆ ಕರ್ಕೊಂಡು ಹೋಗಿ ನೀರು ಹಾಕ್ಬೇಕಾಗ್ತತೆ ಅಂತ ಹೆಣ್ಣುಮಕ್ಕಳು ಬೈತಾವೆ. ನಾಳೆ ಯಾರೂ ಕಳಿಸದಿದ್ರೆ ನಿನ್ನ ಶಾಲೆ ಎಲ್ಲಿರ್ತತೆ?"

ನಾನು ಎರಡು ಸಾಲು ಮಾಡಿದೆ. ಅಂಗಳದ ಆ ಕಡೆ ಒಂದು, ಈ ಕಡೆ ಒಂದು. ಏನೋ ಕ್ರಾಂತಿ ಮಾಡಿದಳು ಅಂತ ಯಾರೂ ತಿಳಿಯಬೇಡಿ. ಹೆಸರು ಕೂಗಲು ಅಪ್ಪಣೆ ಸಿಕ್ಕಿತಲ್ಲ ಅಂತ ಮಜ್ಜಿಗೆ ಕುಡಿದು ಎದ್ದು ಬಂದವಳು ನಾನು. ಕೆಂಚಮ್ಮ ತನ್ನ ಹೆಸರು ಮೊದಲ ಸಲ ಕೇಳಿದ ದಿನ ಉತ್ತರ ಕೊಡಲಿಲ್ಲ, ಪಕ್ಕದವಳು ತಿವಿದ ಮೇಲೆ ಹಾಜರ್ ಅಂದಳು. ಆಮೇಲಾಮೇಲೆ ಹೆಸರು ಪೂರಾ ಮುಗಿಯುವ ಮುಂಚೆಯೇ ಹಾಜರ್ ಅನ್ನುತ್ತಿದ್ದಳು.

ಆದರೆ ಜನವರಿಯಿಂದ ಎಷ್ಟು ಸರಿಯಾಗಿ ಹಾಕಿದರೂ ಹಿಂದಿನ ಏಳು ತಿಂಗಳು ತುಂಬುವುದಿಲ್ಲ. ಏನು ಮಾಡಲಿ ಅಂತ ಕೇಳಲು ಒಂದು ಭಾನುವಾರ ದಾವಣಗೆರೆಗೆ ಹೋದೆ. ಹಳೆಯ ಮೇಷ್ಟ್ರು ನಿವೃತ್ತರಾಗಿ ನಿಟ್ಟುವಳ್ಳಿಯಲ್ಲಿ ಮಗಳ ಮನೆಯಲ್ಲಿದ್ದರು. ಆಗ ಅದು ಊರ ಹೊರಗಿನ ಹಳ್ಳಿ, ಮಿಲ್ಲುಗಳನ್ನು ದಾಟಿ ಹೊಲದ ನಡುವೆ ನಡೆದು ಹೋಗಬೇಕು. ಅವರು ನನ್ನ ಮಾತನ್ನೆಲ್ಲ ಕೇಳಿ ನಕ್ಕರು. ಇದಕ್ಕೆ ಇಷ್ಟು ದೂರ ಬರಬೇಕಿತ್ತಾ ಅಂದು ಒಳಗೆ ಹೋಗಿ, ಕಾಗದದಲ್ಲಿ ಸುತ್ತಿದ ಒಂದು ಬ್ಲೇಡು ತಂದು ನನ್ನ ಮುಂದಿಟ್ಟರು.

ಅವರ ಉಪಾಯ ಸರಳ. ನಾಲೆಗೆ ಹೋದ ಹುಡುಗನ ಸಾಲಿನಲ್ಲಿರುವ ಕತ್ತರಿ ಗುರುತುಗಳನ್ನು ಬ್ಲೇಡಿನ ಮೂಲೆಯಿಂದ ಮೆಲ್ಲಗೆ ಕೆರೆಯುವುದು, ಉಗುರಿನಿಂದ ಉಜ್ಜಿ ಕಾಗದ ನಯ ಮಾಡುವುದು, ಅಲ್ಲಿ ಗೈ ಬರೆಯುವುದು. ಕೆಂಚಮ್ಮನ ಸಾಲಿನಲ್ಲಿ ಗೈ ಕೆರೆದು ಕತ್ತರಿ ಹಾಕುವುದು. ಒಟ್ಟು ಸಂಖ್ಯೆ ಬದಲಾಗುವುದಿಲ್ಲ, ಆಫೀಸಿಗೆ ಹೋದ ವರದಿಗೂ ಇದಕ್ಕೂ ತಾಳೆ ಬೀಳುತ್ತದೆ. ಆ ಹುಡುಗ ಹೇಗೂ ಊರಲ್ಲಿಲ್ಲ. ನಿಜಕ್ಕೆ ಹತ್ತಿರವಾದ ರಿಜಿಸ್ಟರು ಆಗುವುದೂ ಅದೇ ಅಂದರು. ಅವರು ಹೇಳಿದ್ದು ಸರಿಯಾಗಿತ್ತು.

ನನಗೆ ಅದು ಹಿಡಿಸಲಿಲ್ಲ. ಸುಳ್ಳಿನ ಮೇಲೆ ಸುಳ್ಳು ಬರೆಯುವುದಿಲ್ಲ, ಇನ್ಸ್‌ಪೆಕ್ಟರಿಗೆ ಇದ್ದದ್ದನ್ನು ಇದ್ದ ಹಾಗೆ ಬರೆದು ಕೊಡುತ್ತೇನೆ, ಹುಡುಗಿಯನ್ನು ಅವರೇ ಪರೀಕ್ಷೆ ಮಾಡಲಿ ಅಂದೆ. ಮೇಷ್ಟ್ರು ಬ್ಲೇಡನ್ನು ಮತ್ತೆ ಕಾಗದದಲ್ಲಿ ಸುತ್ತುತ್ತಾ, ನಿನ್ನ ಇಷ್ಟ ಅಮ್ಮ ಅಂದರು. ವಾಪಸ್ಸು ಬರುವ ಬಸ್ಸಿನಲ್ಲಿ ನನ್ನ ಬಗ್ಗೆ ನನಗೇ ಬಹಳ ಗೌರವ ಬಂದಿತ್ತು. ಈಗ ನೆನೆಸಿಕೊಂಡರೆ ಆ ಹೆಮ್ಮೆಗೆ ಕೆನ್ನೆಗೆ ಹೊಡೆಯೋಣ ಅನ್ನಿಸುತ್ತದೆ.

ಎರಡು ಪುಟದ ಕಾಗದ ಬರೆದೆ. ಗಡಿಗೆ, ಬೀಜ, ಮೇಲಿನಿಂದ ಗೀಟು, ತಿಂಗಳಿಗೆ ಮೂರು ನಾಲ್ಕು ದಿನ ಹಂಚಿದ್ದು, ಒಂದನ್ನೂ ಬಿಡಲಿಲ್ಲ. ತಪ್ಪು ನನ್ನದೆಂದೂ ಬರೆದೆ. ವಾರ್ಷಿಕ ತಪಾಸಣೆ ಯುಗಾದಿಗೆ ಇಪ್ಪತ್ತು ದಿನ ಮುಂಚೆ ಬಂತು. ಕೆಳಗಿನ ಮೂರು ತರಗತಿಗಳನ್ನು ನಾನೇ ಪಾಸು ಮಾಡಬಹುದಿತ್ತು, ನಾಲ್ಕನೆಯದರ ಫಲಿತಾಂಶ ಮಾತ್ರ ಇನ್ಸ್‌ಪೆಕ್ಟರರ ಕೈಯಲ್ಲಿ.

ಇನ್ಸ್‌ಪೆಕ್ಟರು ವಯಸ್ಸಾದವರು, ಹಳ್ಳಿ ಹಳ್ಳಿ ಸೈಕಲ್ಲು ತುಳಿದು ಸೋತವರು. ಗೌಡರ ಮನೆಯಲ್ಲಿ ಊಟ ಮುಗಿಸಿ ಬಂದು ಒಳಗಿನ ಮಕ್ಕಳನ್ನು ಕೇಳಿದರು, ಆಮೇಲೆ ತಾವೇ ಕುರ್ಚಿ ಎತ್ತಿಸಿಕೊಂಡು ಬೇವಿನ ಮರದಡಿ ಕೂತರು. ಪಠ್ಯಪುಸ್ತಕವನ್ನು ಕೆಂಚಮ್ಮನ ಕಡೆ ಚಾಚಿದರು. ಅವಳು ತೆಗೆದುಕೊಳ್ಳಲಿಲ್ಲ. ಅವರು ನೆಲದ ಮೇಲಿಡುತ್ತಾರೆ ಅಂತ ಕಾಯುತ್ತಿದ್ದಳು. ಹಿಡಿಯಮ್ಮ ಅಂತ ಎರಡು ಸಲ ಹೇಳಬೇಕಾಯಿತು. ಹಿಡಿದ ಮೇಲೆ ಒಂದು ಪಾಠವನ್ನು ತಡವರಿಸದೆ ಓದಿದಳು. ಮೈಲಿ ಫರ್ಲಾಂಗಿನ ಲೆಕ್ಕವನ್ನು ಸ್ಲೇಟು ಮುಟ್ಟದೆ ಹೇಳಿದಳು. ಶಹಭಾಸ್ ಅಂದರು ಅವರು, ಮನಸ್ಸಿನಿಂದಲೇ ಅಂದರು. ಎಲ್ಲ ಮುಗಿಯಿತು, ಗೆದ್ದೆವು ಅಂದುಕೊಂಡೆ.

ಮಕ್ಕಳನ್ನು ಕಳಿಸಿದ ಮೇಲೆ ಪೌಳಿಯಲ್ಲಿ ನನ್ನ ಕಾಗದ ಕೊಟ್ಟೆ. ಅವರು ಕನ್ನಡಕ ಹಾಕಿಕೊಂಡು ಎರಡು ಸಲ ಓದಿದರು. ರಿಜಿಸ್ಟರು ತೆಗೆದು ಕೆಳಗಿನ ಸಾಲಿನ ಮೇಲೆ ಬೆರಳಾಡಿಸಿದರು. ಆಮೇಲೆ ಕಾಗದ ಮಡಿಸಿ ನನ್ನ ಕಡೆಗೇ ತಳ್ಳಿದರು.

"ಅಮ್ಮಾ, ಇದನ್ನ ನಾನು ತಗೊಂಡ್ರೆ ಇಷ್ಟು ವರ್ಷದ ರಿಜಿಸ್ಟರೆಲ್ಲ ಬೋಗಸ್ ಅಂತ ರಿಪೋರ್ಟ್ ಮಾಡಬೇಕಾಗ್ತದೆ. ಹಿಂದಿನ ಮೇಷ್ಟ್ರ ಪೆನ್ಷನ್ ನಿಲ್ತದೆ. ನಿಮ್ಮನ್ನ ಸಸ್ಪೆಂಡ್ ಮಾಡ್ತಾರೆ. ಸ್ಕೂಲಿಗೆ ಇನ್ನೊಬ್ರು ಬರೋದು ಯಾವಾಗ್ಲೋ. ನಾನು ಇದನ್ನ ನೋಡಿಲ್ಲ, ಒಳಗಿಟ್ಕೊಳ್ರಿ."

ಹುಡುಗಿಯ ಗತಿ ಏನು ಸಾರ್ ಅಂತ ಕೇಳಿದೆ. ರಿಜಿಸ್ಟರಿನ ಪ್ರಕಾರ ಅವಳು ಶಾಲೆಗೇ ಬಂದಿಲ್ಲ, ಬಾರದ ಹುಡುಗಿಯನ್ನು ಪಾಸು ಮಾಡುವ ಅಧಿಕಾರ ತಮಗಿಲ್ಲ ಅಂದರು. ಇನ್ನೊಂದು ವರ್ಷ ಅದೇ ತರಗತಿಯಲ್ಲಿ ಕೂರಿಸಿ, ಸರಿಯಾಗಿ ಹಾಜರಿ ಹಾಕಿ, ಮುಂದಿನ ವರ್ಷ ನಾನೇ ಶಿಫಾರಸು ಬರೆಯುತ್ತೇನೆ ಅಂದರು. ಮುಂದಿನ ವರ್ಷ ಅವಳು ಇಲ್ಲಿರುವುದಿಲ್ಲ ಅಂತ ನಾನು ಹೇಳಿದೆ. ಅವರು ಕನ್ನಡಕ ತೆಗೆದು ಒರೆಸಿಕೊಂಡರು.

ಕಾಗದ ಮರದ ಪೆಟ್ಟಿಗೆಯ ಮೇಲೆ ನಮ್ಮಿಬ್ಬರ ನಡುವೆ ಇತ್ತು. ಮತ್ತೆ ಅವರ ಕಡೆ ತಳ್ಳಬಹುದಿತ್ತು. ಸಸ್ಪೆಂಡ್ ಅನ್ನುವ ಮಾತು ಕಿವಿಯಲ್ಲಿತ್ತು. ಹರಿಹರದಲ್ಲಿ ನನ್ನ ಸಂಬಳದ ದಾರಿ ಕಾಯುವ ತಾಯಿ ಇದ್ದರು. ನಾನು ಕಾಗದ ತೆಗೆದು ಚೀಲದೊಳಗಿಟ್ಟುಕೊಂಡೆ. ಸುಳ್ಳು ಬರೆಯುವುದಿಲ್ಲ ಅಂತ ಬ್ಲೇಡು ಬೇಡ ಅಂದವಳು, ನಿಜ ಹೇಳುವ ಹೊತ್ತಿಗೆ ಅದನ್ನೂ ನುಂಗಿಕೊಂಡೆ. ಅವರು ತಪಾಸಣೆ ಪುಸ್ತಕದಲ್ಲಿ, ಶಾಲೆಯ ಸರಾಸರಿ ಹಾಜರಿ ತೃಪ್ತಿಕರ ಅಂತ ಬರೆದು ಸಹಿ ಹಾಕಿದರು.

ಬ್ಲೇಡಿನ ಕಾಲವೂ ಮುಗಿದಿತ್ತು. ರಿಜಿಸ್ಟರಿನ ಪ್ರತಿ ಪುಟಕ್ಕೂ ಇನ್ಸ್‌ಪೆಕ್ಟರರ ಸಹಿ ಮತ್ತು ಮೊಹರು ಬಿದ್ದಿದ್ದವು, ಫಲಿತಾಂಶ ಪಟ್ಟಿಯಲ್ಲಿ ಅವಳ ಹೆಸರಿನ ಮುಂದೆ 'ಹಾಜರಿ ಸಾಲದು, ಅದೇ ತರಗತಿ' ಅಂತಿತ್ತು. ಆದರೂ ಒಂದು ಶನಿವಾರ ರಜೆ ಹಾಕಿ ದಾವಣಗೆರೆಯ ಹಾಸ್ಟೆಲಿಗೆ ಹೋದೆ. ಅದನ್ನು ನೋಡಿಕೊಳ್ಳುತ್ತಿದ್ದ ಹೆಂಗಸು ಒಳ್ಳೆಯವರು. ನನ್ನನ್ನು ಒಳಗೆ ಕರೆದು ತೋರಿಸಿದರು. ಹನ್ನೆರಡು ಮಂಚ, ಅದರಲ್ಲಿ ಐದಕ್ಕೆ ಮಾತ್ರ ಹಾಸಿಗೆ ಹಾಸಿತ್ತು. ಉಳಿದ ಏಳಕ್ಕೆ ಹುಡುಗಿಯರೇ ಸಿಕ್ಕಿಲ್ಲ, ಹಳ್ಳಿಯಿಂದ ಅರ್ಜಿಗಳೇ ಬರುವುದಿಲ್ಲ, ಮೇಲಿನವರು ಬೈಯುತ್ತಾರೆ ಅಂತ ಬೇಸರ ಮಾಡಿಕೊಂಡರು. ನನ್ನ ಕೈಯಲ್ಲಿದ್ದ ಅರ್ಜಿಯ ಕಾಗದ ನೋಡಿ, ಪಾಸಾದ ಪತ್ರ ಇಲ್ಲದೆ ಸೇರಿಸಿಕೊಂಡರೆ ತಪಾಸಣೆಯಲ್ಲಿ ಸಿಕ್ಕಿಬೀಳುತ್ತೇವೆ, ಹೇಗಾದರೂ ಮಾಡಿ ಅದೊಂದು ತನ್ನಿ ಅಂದರು. ದೇವರು ವರ ಕೊಟ್ಟರೂ ಪೂಜಾರಿ ಬಿಡ ಅಂತ ಗಾದೆ. ಇಲ್ಲಿ ದೇವರೂ ಕೊಟ್ಟಿದ್ದ, ಪೂಜಾರಿಯೂ ಬಿಟ್ಟಿದ್ದ, ಅಡ್ಡ ನಿಂತದ್ದು ನನ್ನ ಕೈಬರಹ.

ಯುಗಾದಿಗೆ ಎರಡು ದಿನ ಮುಂಚೆ ಕೇರಿಗೆ ಹೋಗಿ ಹೇಳಿದೆ. ತಾಯಿಗೆ ಅರ್ಥವಾಗುವ ಹಾಗೆ ಹೇಳಲು ಎಷ್ಟು ಪ್ರಯತ್ನಪಟ್ಟರೂ ಆಗಲಿಲ್ಲ. ಪುಸ್ತಕದಲ್ಲಿ ಇವಳು ಬಂದಿಲ್ಲ ಅಂತ ಇದೆ ಅಂದೆ. ಬಂದಿದಾಳಲ್ಲ ಅಂದಳು ತಾಯಿ. ಹೌದು, ಆದರೆ ಪುಸ್ತಕದಲ್ಲಿ ಇಲ್ಲ ಅಂದೆ. ಕೊನೆಗೆ ಅವಳು, ಹೋಗ್ಲಿ ಬಿಡ್ರಿ, ಇಷ್ಟು ದೂರ ನಡ್ಕೊಂಡು ಬಂದಿದೀರಿ, ಕೂತ್ಕೊಳ್ರಿ ಅಂತ ನನ್ನನ್ನೇ ಸಮಾಧಾನ ಮಾಡಿದಳು.

ಕೆಂಚಮ್ಮ ಬಾಗಿಲ ಹತ್ತಿರ ನಿಂತಿದ್ದಳು. ಅಳಲಿಲ್ಲ.

"ನಾನು ದಿನಾ ಬಂದಿದ್ನಲ್ರೀ ಅಕ್ಕೋರೆ," ಅಂದಳು. "ನೀವು ನೋಡಿದ್ರಲ್ಲ."

ನೋಡಿದ್ದೆ. ಬಸ್ಸಿಗೆ ಹೊತ್ತಾಯಿತು ಅಂತ ಹೇಳಿ ಎದ್ದು ಬಂದೆ.

ಬೇಸಿಗೆ ರಜೆ ಕಳೆದು ಜೂನ್‌ನಲ್ಲಿ ಹೊಸ ರಿಜಿಸ್ಟರು ಬರೆದೆ. ಈ ಸಲ ನಡುವೆ ಕೆಂಪು ಗೀಟು ಹಾಕಲಿಲ್ಲ, ಒಳಗಿನವರು ಹೊರಗಿನವರು ಅಂತ ಬೇರೆ ಮಾಡಲಿಲ್ಲ. ಅದೇ ತರಗತಿಯಲ್ಲಿ ಉಳಿದವರ ಹೆಸರನ್ನು ಮೊದಲು ಬರೆಯುವ ಕ್ರಮ. ಉಳಿದವಳು ಅವಳೊಬ್ಬಳೇ, ಆದ್ದರಿಂದ ನಾಲ್ಕನೆಯ ತರಗತಿಯ ಮೊದಲ ಸಾಲಿನಲ್ಲಿ ಕೆಂಚಮ್ಮ. ಬರುವುದಿಲ್ಲ ಅಂತ ಗೊತ್ತಿದ್ದರೂ ಒಂದು ತಿಂಗಳು ಹೆಸರು ಕೂಗಬೇಕು, ನಿಯಮ.

ಮೊದಲ ದಿನ ಅಂಗಳದಲ್ಲಿ ನಿಂತು ಕೂಗಿದೆ. ಗೌಡರ ಕೊಟ್ಟಿಗೆ ಗುಡಿಯ ಮಗ್ಗುಲಲ್ಲೇ, ನಡುವೆ ಒಂದು ಆಳೆತ್ತರದ ಮಣ್ಣಿನ ಗೋಡೆ. ಅದರ ಆಚೆಯಿಂದ ಸ್ಪಷ್ಟವಾಗಿ ಕೇಳಿತು.

"ಹಾಜರ್ರೀ ಅಕ್ಕೋರೆ."

ಮಕ್ಕಳೆಲ್ಲ ಗೋಡೆಯ ಕಡೆ ತಿರುಗಿದರು. ಯಾರೂ ನಗಲಿಲ್ಲ. ಸಗಣಿ ತುಂಬಿದ ಮಂಕರಿ ಕೆಳಗಿಟ್ಟ ಸದ್ದು, ಮತ್ತೆ ಎತ್ತಿದ ಸದ್ದು ಕೇಳಿತು. ಅಂಗಳದಲ್ಲಿ ಇಲ್ಲದ ಮಗುವಿಗೆ ಹಾಜರಿ ಹಾಕುವಂತಿಲ್ಲ. ಬಂದ ಮಗುವಿಗೆ ಒಂದೂವರೆ ವರ್ಷ ಗೈರು ಹಾಕಿದ ನಾನು ಆ ಹೊತ್ತಿಗೆ ಬಹಳ ನಿಯಮದವಳಾಗಿಬಿಟ್ಟೆ, ಅವಳ ದನಿಯನ್ನು ಕೇಳಿಸಿಕೊಂಡೇ ಗೈ ಅಂತ ಬರೆದೆ. ಎರಡನೆಯ ದಿನವೂ ಅವಳು ಕೂಗಿದಳು. ಮೂರನೆಯ ದಿನವೂ ಕೂಗಿದಳು, ಆಗ ಕೊಟ್ಟಿಗೆಯೊಳಗಿಂದ ಯಾರೋ ಗದರಿದ್ದು ಕೇಳಿತು. ನಾಲ್ಕನೆಯ ದಿನ ನಾನು ಹೆಸರು ಕೂಗಿ ಬೇಕೆಂದೇ ತಡೆದು ನಿಂತೆ. ಆ ಕಡೆ ಸಗಣಿ ಬಾಚುವ ಸಲಿಕೆಯ ಸದ್ದು ನಿಂತಿತು, ಸ್ವಲ್ಪ ಹೊತ್ತು ಹಾಗೇ ಇತ್ತು, ಮತ್ತೆ ಶುರುವಾಯಿತು. ತಿಂಗಳು ತುಂಬಿದ ದಿನ ಕೆಂಪು ಶಾಯಿಯಲ್ಲಿ ಅವಳ ಹೆಸರು ಹೊಡೆದೆ.